ನಾಣ್ಯ ಮೋಸ ಮಾಡಲಿಲ್ಲ, ಆದರೂ ಅಣ್ಣ ಹಿಂದೆ ಉಳಿದ

ತಿಂಗಳಿಗೊಂದು ಭಾನುವಾರ ಅಣ್ಣ ವಡಾಲದ ನಮ್ಮ ಮನೆಗೆ ಊಟಕ್ಕೆ ಬರುತ್ತಾನೆ. ಅಣ್ಣ ಎಂದರೆ ದೊಡ್ಡಪ್ಪನ ಮಗ, ನನಗಿಂತ ಹನ್ನೊಂದು ತಿಂಗಳು ದೊಡ್ಡವನು. ಕುಚ್ಚಲಕ್ಕಿ ಅನ್ನ, ಬಂಗುಡೆ ಸಾರು, ಊಟವಾದ ಮೇಲೆ ಅರ್ಧ ಗಂಟೆ ಊರಿನ ಸುದ್ದಿ. ಕಳೆದ ಸಲ ಬಂದಾಗ ಅವನ ಮೊಬೈಲಿನಲ್ಲಿ ಒಂದು ಫಾರ್ವರ್ಡ್ ಇತ್ತು. ಸಮಾನತೆಯಲ್ಲಿ ಭಾರತಕ್ಕೆ ಜಗತ್ತಿನಲ್ಲೇ ನಾಲ್ಕನೇ ಸ್ಥಾನ ಎಂಬ ಸುದ್ದಿ. 2025ರ ಜುಲೈನಲ್ಲಿ ಪತ್ರಿಕೆಗಳಲ್ಲೆಲ್ಲ ಬಂದದ್ದು, ಈಗಲೂ ಗ್ರೂಪಿನಿಂದ ಗ್ರೂಪಿಗೆ ತಿರುಗುತ್ತಿದೆ. ಅಣ್ಣ ಅದನ್ನು ನನ್ನ ಮುಂದೆ ಹಿಡಿದು, "ನೀನ್ ಲೆಕ್ಕದ್ ಮನ್ಶ ಅಲ್ದಾ, ಇದ್ ಹೌದಾ ಮಾರಾಯ? ಹೇಳ್ ಕಾಂಬ" ಎಂದ.

ನಾನು ವಿಮಾ ಕಂಪನಿಯೊಂದರಲ್ಲಿ ಅಪಾಯದ ಲೆಕ್ಕ ಹಾಕುವವನು. ಯಾರಿಗೆ ಯಾವಾಗ ಏನಾಗಬಹುದು, ಆದರೆ ಎಷ್ಟು ಕೊಡಬೇಕಾಗಬಹುದು ಎಂದು ಹಗಲಿಡೀ ಎಣಿಸುವುದೇ ಕಸುಬು. ಆದರೂ ಆ ಪ್ರಶ್ನೆಗೆ ಥಟ್ಟನೆ ಉತ್ತರ ಕೊಡಲಾಗಲಿಲ್ಲ. ಕೇಳಿದವನು ಅವನು, ಕೇಳಿಸಿಕೊಂಡವನು ನಾನು, ಕುಳಿತದ್ದು ನನ್ನ ಹೆಸರಿನಲ್ಲಿರುವ ಎರಡು ಕೋಣೆಯ ಫ್ಲ್ಯಾಟಿನಲ್ಲಿ.

ಸುದ್ದಿ ಸುಳ್ಳಲ್ಲ. ವಿಶ್ವಬ್ಯಾಂಕಿನ ಟಿಪ್ಪಣಿಯೊಂದರಲ್ಲಿ 2022-23ರ ಭಾರತದ ಗಿನಿ ಸೂಚ್ಯಂಕ 25.5 ಎಂದಿದೆ. ಅದರ ಆಧಾರದಲ್ಲಿ ಪಟ್ಟಿ ಮಾಡಿದರೆ ಸ್ಲೊವಾಕಿಯಾ, ಸ್ಲೊವೇನಿಯಾ, ಬೆಲಾರೂಸ್ ಆದ ಮೇಲೆ ನಾವು. ಗಿನಿ ಎಂಬುದು ಇಟಲಿಯ ಕೊರಾಡೊ ಗಿನಿ 1912ರಲ್ಲಿ ಕೊಟ್ಟ ಅಳತೆ. ಎಲ್ಲರ ಬಳಿಯೂ ಒಂದೇ ಮೊತ್ತವಿದ್ದರೆ ಸೊನ್ನೆ, ಇದ್ದದ್ದೆಲ್ಲ ಒಬ್ಬನ ಬಳಿಯೇ ಇದ್ದರೆ ನೂರು. ಇನ್ನೂ ಸರಳವಾಗಿ ಹೀಗೆ ಹೇಳಬಹುದು: ಊರಿನ ಯಾರಾದರೂ ಇಬ್ಬರನ್ನು ಕಣ್ಣುಮುಚ್ಚಿ ಆರಿಸಿ, ಅವರ ನಡುವಿನ ಅಂತರ ಬರೆದುಕೊಳ್ಳಿ. ಹೀಗೆ ಸಾವಿರಾರು ಸಲ ಮಾಡಿ. ಗಿನಿ 50 ಇದ್ದರೆ, ಆ ಇಬ್ಬರ ನಡುವಿನ ಸರಾಸರಿ ಅಂತರವು ಊರಿನ ಸರಾಸರಿ ಆದಾಯದಷ್ಟೇ ಇರುತ್ತದೆ. 25 ಇದ್ದರೆ ಅದರ ಅರ್ಧ.

ಆದರೆ ಯಾವುದರ ಅಂತರ? ಆ 25.5 ಬಂದದ್ದು ಮನೆಮನೆಯ ಖರ್ಚಿನ ಸಮೀಕ್ಷೆಯಿಂದ. ಅಕ್ಕಿ, ಎಣ್ಣೆ, ಬಟ್ಟೆ, ಬಸ್ಸು, ಮೊಬೈಲು. ಖರ್ಚಿನಲ್ಲಿ ನಾನೂ ಅಣ್ಣನೂ ಬಹುತೇಕ ಸಮವೇ. ಆ ಭಾನುವಾರ ಇಬ್ಬರ ತಟ್ಟೆಯಲ್ಲೂ ಎರಡೆರಡು ಬಂಗುಡೆ ಇದ್ದವು. ನನ್ನ ಸಂಬಳ ಹತ್ತು ಪಟ್ಟಾದರೂ ನಾನು ಇಪ್ಪತ್ತು ಬಂಗುಡೆ ತಿನ್ನುವುದಿಲ್ಲ. ಹೆಚ್ಚಾದದ್ದು ಬ್ಯಾಂಕಿಗೆ, ಫ್ಲ್ಯಾಟಿಗೆ, ಷೇರಿಗೆ ಹೋಗುತ್ತದೆ, ಖರ್ಚಿನ ಸಮೀಕ್ಷೆಗೆ ಅದು ಕಾಣುವುದಿಲ್ಲ. ವಿಶ್ವಬ್ಯಾಂಕಿನ ಅದೇ ಟಿಪ್ಪಣಿಯಲ್ಲಿ ಇನ್ನೊಂದು ವಾಕ್ಯವೂ ಇದೆ, ಫಾರ್ವರ್ಡ್ ಮಾಡಿದವರು ಬಿಟ್ಟದ್ದು: ಜಾಗತಿಕ ಅಸಮಾನತೆಯ ದತ್ತಸಂಚಯದ ಪ್ರಕಾರ ಭಾರತದ ಆದಾಯದ ಗಿನಿ 2004ರಲ್ಲಿ 52 ಇದ್ದದ್ದು 2023ರಲ್ಲಿ 62ಕ್ಕೆ ಏರಿದೆ. ನಿತಿನ್ ಕುಮಾರ್ ಭಾರ್ತಿ, ಲೂಕಾ ಶಾನ್ಸೆಲ್, ಥಾಮಸ್ ಪಿಕೆಟಿ ಮತ್ತು ಅನ್ಮೋಲ್ ಸೋಮಂಚಿ 2024ರಲ್ಲಿ ಮಾಡಿದ ಅಂದಾಜು ಇನ್ನೂ ಬಿರುಸು. ಅವರ ಪ್ರಕಾರ 2022-23ರಲ್ಲಿ ಮೇಲಿನ ಶೇ 1ರಷ್ಟು ಮಂದಿಗೆ ದೇಶದ ಆದಾಯದ ಶೇ 22.6, ಸಂಪತ್ತಿನ ಶೇ 40.1 ಸೇರುತ್ತದೆ. ಈ ಅಂದಾಜಿನ ಬಗ್ಗೆ ಅರ್ಥಶಾಸ್ತ್ರಜ್ಞರಲ್ಲಿ ಜಗಳವಿದೆ, ಇರಲಿ. ಖರ್ಚಿನ ಗಿನಿ ತೋರಿಸಿ ಸಮಾನತೆ ಎನ್ನುವುದು ತಟ್ಟೆ ನೋಡಿ ಆಸ್ತಿ ಹೇಳಿದಂತೆ ಎಂಬುದಕ್ಕೆ ಅಷ್ಟು ಜಗಳ ಬೇಕಿಲ್ಲ.

ಇದನ್ನೆಲ್ಲ ಹೇಳಿದೆ. ಅಣ್ಣ ತಲೆಯಾಡಿಸಿ, "ಅದ್ ಸರಿ. ಅಂತರ ಇತ್ತ್ ಅಂಬುದ್ ನಂಗೂ ಗೊತ್ತಿತ್ತ್. ಎಂತಕೆ ಆಯ್ತ್?" ಎಂದ.

ನಾವಿಬ್ಬರೂ 1994ರಲ್ಲಿ ಕುಂದಾಪುರದ ಕಡೆಯಿಂದ ಒಂದೇ ಬಸ್ಸಿನಲ್ಲಿ ಮುಂಬೈಗೆ ಬಂದವರು. ಕೊಂಕಣ ರೈಲು ಆಗ ಪೂರ್ತಿಯಾಗಿರಲಿಲ್ಲ. ಒಂದೇ ಹೋಟೆಲಿನಲ್ಲಿ ಕೆಲಸ, ಅದರ ಮಾಳಿಗೆಯಲ್ಲೇ ನಿದ್ದೆ, ಸಂಜೆ ಒಂದೇ ಕನ್ನಡ ರಾತ್ರಿಶಾಲೆ. ಮುಂಬೈ ಕನ್ನಡಿಗರಿಗೆ ರಾತ್ರಿಶಾಲೆಯ ಕಥೆ ಹೊಸದಾಗಿ ಹೇಳಬೇಕಿಲ್ಲ, ನಮ್ಮಲ್ಲಿ ಒಂದಿಡೀ ತಲೆಮಾರು ಅಲ್ಲಿಂದಲೇ ಎದ್ದದ್ದು. ಅಂಕಗಳಲ್ಲಿ ಅಣ್ಣ ನನಗಿಂತ ಯಾವಾಗಲೂ ಒಂದು ಕೈ ಮೇಲೆ. ಲೆಕ್ಕದಲ್ಲಂತೂ ನಾನು ಅವನನ್ನು ನೋಡಿ ಬರೆದವನು. ನಾನು ಕಾಲೇಜು ಮುಗಿಸಿ ಕಂಪನಿ ಸೇರಿದೆ. ಅವನು ಹೋಟೆಲಿನವನೇ ಆಗಿ, ದುಡಿದು ಕೂಡಿಟ್ಟು, ಇನ್ನೊಬ್ಬರ ಜತೆ ಪಾಲಿನಲ್ಲಿ ಸಣ್ಣ ಕ್ಯಾಂಟೀನು ಇಟ್ಟ. ಈಗ ನನ್ನದು ಫ್ಲ್ಯಾಟು. ಅವನು ಬೇರೆಯವರ ಹೋಟೆಲಿನಲ್ಲಿ ಗಲ್ಲೆಯ ಮೇಲೆ ಕೂರುತ್ತಾನೆ, ಬಾಡಿಗೆ ಖೋಲಿಯಲ್ಲಿ ಇರುತ್ತಾನೆ.

ಇಂಥ ಎರಡು ಬದುಕು ಎದುರಿಗಿದ್ದಾಗ ನಾವು ಸಾಮಾನ್ಯವಾಗಿ ಎರಡರಲ್ಲೊಂದು ಕಾರಣ ಕೊಡುತ್ತೇವೆ. ಅವನು ಎಲ್ಲೋ ತಪ್ಪು ಮಾಡಿರಬೇಕು, ಇಲ್ಲವೇ ಯಾರೋ ಅವನಿಗೆ ಮೋಸ ಮಾಡಿರಬೇಕು. ಅಸಮಾನತೆಯ ಗಣಿತ ಓದಿದ ಮೇಲೆ ನನಗೆ ಮೂರನೆಯ ಸಾಧ್ಯತೆ ಕಂಡಿತು, ನೆಮ್ಮದಿ ಕೊಡುವಂಥದ್ದಲ್ಲ.

ಈ ಗಣಿತದ ಬೇರು ನಮ್ಮ ದೇಶದಲ್ಲೂ ಇದೆ. ಮೇಘನಾದ ಸಾಹಾ ಮತ್ತು ಬಿ. ಎನ್. ಶ್ರೀವಾಸ್ತವ 1931ರಲ್ಲಿ ಉಷ್ಣದ ಬಗ್ಗೆ ಬರೆದ ಪಠ್ಯಪುಸ್ತಕದಲ್ಲಿ, ಅನಿಲದ ಅಣುಗಳ ವೇಗ ಹೇಗೆ ಹಂಚಿಕೆಯಾಗುತ್ತದೆ ಎಂದು ವಿವರಿಸಲು ದೇಶದ ಜನರ ಆದಾಯದ ಹಂಚಿಕೆಯನ್ನೇ ಹೋಲಿಕೆಯಾಗಿ ಕೊಟ್ಟಿದ್ದರು. ಅಣುಗಳು ಡಿಕ್ಕಿ ಹೊಡೆದು ಶಕ್ತಿ ಕೊಟ್ಟು ಪಡೆಯುತ್ತವೆ, ಜನ ವ್ಯವಹಾರ ಮಾಡಿ ದುಡ್ಡು ಕೊಟ್ಟು ಪಡೆಯುತ್ತಾರೆ. ಸುಮಾರು ಎಪ್ಪತ್ತು ವರ್ಷದ ನಂತರ, 2000ದ ಹೊತ್ತಿಗೆ, ಅಮೆರಿಕದಲ್ಲಿ ಡ್ರಾಗುಲೆಸ್ಕು ಮತ್ತು ಯಾಕೊವೆಂಕೊ, ಕೋಲ್ಕತ್ತದ ಸಾಹಾ ಸಂಸ್ಥೆಯಲ್ಲಿ ಅನಿರ್ಬನ್ ಚಕ್ರವರ್ತಿ ಮತ್ತು ಬಿಕಾಸ್ ಚಕ್ರಬರ್ತಿ ಇದನ್ನು ಕಂಪ್ಯೂಟರಿನಲ್ಲಿ ಆಡಿಸಿ ನೋಡಿದರು.

ಮೊದಲ ಆಟ ಅತಿ ಸರಳ. ಸಾವಿರ ಜನ, ಎಲ್ಲರ ಕೈಯಲ್ಲೂ ನೂರು ರೂಪಾಯಿ. ಪ್ರತಿ ಸಲ ಯಾರೋ ಇಬ್ಬರು ಸೇರಿ ನಾಣ್ಯ ಚಿಮ್ಮುತ್ತಾರೆ, ಸೋತವನು ಗೆದ್ದವನಿಗೆ ಒಂದು ರೂಪಾಯಿ ಕೊಡಬೇಕು. ಸಾಲ ಇಲ್ಲ. ಕೈ ಬರಿದಾದವನು ಗೆಲ್ಲಬಹುದು, ಕೊಡಬೇಕಿಲ್ಲ. ಯಾರೂ ಬುದ್ಧಿವಂತರಲ್ಲ, ಯಾರೂ ಸೋಮಾರಿಯಲ್ಲ. ಎಲ್ಲರೂ ಸುಮಾರು ನೂರರ ಆಸುಪಾಸಿನಲ್ಲೇ ಇರುತ್ತಾರೆ ಎಂದು ನಿಮಗನ್ನಿಸಬಹುದು. ನನಗೂ ಹಾಗೇ ಅನ್ನಿಸಿತ್ತು. ಆದರೆ ಬಹಳ ಹೊತ್ತು ಆಡಿದರೆ ಜನ ನೆಲೆಗೊಳ್ಳುವ ಚಿತ್ರ ಬೇರೆ: ಕೆಳಗಿನ ಅರ್ಧದಷ್ಟು ಜನರ ಬಳಿ ಒಟ್ಟು ದುಡ್ಡಿನ ಶೇ 15, ಮೇಲಿನ ಶೇ 10ರಷ್ಟು ಜನರ ಬಳಿ ಮೂರನೇ ಒಂದು ಭಾಗ. ನೂರರಲ್ಲಿ 63 ಮಂದಿ ಸರಾಸರಿಗಿಂತ ಕೆಳಗೆ. ಗಿನಿ ಸರಿಯಾಗಿ 50. ಬರೀ ನಾಣ್ಯ ಮಾಡಿದ ಕೆಲಸ ಇದು!

ಈ ಆಟದಲ್ಲಿ ಒಂದು ಸಮಾಧಾನವಿದೆ. ಇಂದು ಕೆಳಗಿದ್ದವನು ನಾಳೆ ಮೇಲೆ ಹೋಗುತ್ತಾನೆ, ಕುರ್ಚಿಗಳು ಹಾಗೇ ಇದ್ದರೂ ಕೂರುವವರು ಬದಲಾಗುತ್ತಿರುತ್ತಾರೆ. ಎರಡನೆಯ ಆಟದಲ್ಲಿ ಆ ಸಮಾಧಾನವೂ ಇಲ್ಲ. ಅಣ್ಣನಿಗೆ ಕಾಗದದ ಮೇಲೆ ಬರೆದು ತೋರಿಸಿದ್ದು ಅದನ್ನೇ. ನೀವೂ ಪೆನ್ನು ಹಿಡಿದು ಮಾಡಿ ನೋಡಿ.

ನನಗೂ ಅಣ್ಣನಿಗೂ ನೂರು ನೂರು ರೂಪಾಯಿ. ಪಣ ಒಂದು ರೂಪಾಯಿಯಲ್ಲ, ಇಬ್ಬರಲ್ಲಿ ಕಡಿಮೆ ಇರುವವನ ದುಡ್ಡಿನ ಐದನೇ ಒಂದು ಭಾಗ. ನಿಜ ವ್ಯಾಪಾರವೂ ಹಾಗೇ ಅಲ್ಲವೇ, ಬಡವನು ತಾಳಿಕೊಳ್ಳುವಷ್ಟರ ವ್ಯವಹಾರವೇ ಕುದುರುವುದು. ಮೊದಲ ಸಲ ನಾಣ್ಯ ನನ್ನ ಕಡೆ ಬಿತ್ತು. ನನಗೆ 120, ಅವನಿಗೆ 80. ಎರಡನೆಯ ಸಲದ ಪಣ 80ರ ಐದನೇ ಒಂದು ಭಾಗ, 16 ರೂಪಾಯಿ. ಈ ಸಲ ಅವನು ಗೆದ್ದ. ಅವನಿಗೆ 96, ನನಗೆ 104. ಇಬ್ಬರೂ ಒಂದೊಂದು ಸಲ ಗೆದ್ದೆವು, ಒಂದೊಂದು ಸಲ ಸೋತೆವು. ಆದರೂ ನಾಲ್ಕು ರೂಪಾಯಿ ಅವನ ಕಿಸೆಯಿಂದ ನನ್ನ ಕಿಸೆಗೆ ಬಂದಿದೆ. ಹೀಗೇ ಒಂದು ಸೋಲು ಒಂದು ಗೆಲುವು ಎಂದು ಇಪ್ಪತ್ತು ಸಲ ಆಡಿದರೆ, ಹತ್ತು ಸಲ ಗೆದ್ದ ಅಣ್ಣನ ಬಳಿ ಉಳಿಯುವುದು 66 ರೂಪಾಯಿ 48 ಪೈಸೆ. ಹತ್ತೇ ಸಲ ಗೆದ್ದ ನನ್ನ ಬಳಿ 133 ರೂಪಾಯಿ 52 ಪೈಸೆ. ಸಾವಿರಾರು ಜನ ಹೀಗೆ ಆಡುತ್ತಾ ಹೋದರೆ, ಕೊನೆಗೆ ಬಹುತೇಕ ಎಲ್ಲ ದುಡ್ಡೂ ಒಬ್ಬನ ಬಳಿಯೇ ಹೋಗಿ ಸೇರುತ್ತದೆ.

ನಾಣ್ಯದಲ್ಲಿ ಮೋಸವಿಲ್ಲ. ಪಣ ಇಬ್ಬರಿಗೂ ಒಂದೇ. ಆದರೆ ಅವನಿಗೆ ಅದು ಯಾವತ್ತೂ ತನ್ನದರ ಐದನೇ ಒಂದು ಪಾಲು, ನನಗೆ ಬರಬರುತ್ತ ಸಣ್ಣ ಪಾಲು.

ಅಣ್ಣ ಕಾಗದವನ್ನು ತುಂಬ ಹೊತ್ತು ನೋಡಿದ. ಆಮೇಲೆ ಒಂದೇ ಮಾತು: "ಇಪ್ಪತ್ತಾರ್ ಜುಲೈ."

2005ರ ಜುಲೈ 26. ಸಾಂತಾಕ್ರೂಜಿನಲ್ಲಿ ಒಂದೇ ದಿನ 944 ಮಿಲಿಮೀಟರ್ ಮಳೆ ಸುರಿದ ಆ ದಿನ ಮುಂಬೈಯಲ್ಲಿದ್ದವರಿಗೆ ವಿವರಿಸುವುದು ಬೇಡ. ನೆಲಮಹಡಿಯ ನನ್ನ ಮನೆಗೆ ಸೊಂಟದವರೆಗೆ ನೀರು ಬಂತು. ಫ್ರಿಜ್ಜು, ಹಾಸಿಗೆ, ಮದುವೆಯ ಆಲ್ಬಮ್ ಹೋದವು. ಅಣ್ಣನ ಕ್ಯಾಂಟೀನಿಗೂ ಅದೇ ನೀರು ಬಂತು. ಗ್ರೈಂಡರು, ಫ್ರಿಜ್ಜು, ಮೂಟೆಗಟ್ಟಲೆ ಅಕ್ಕಿ ಮೈದಾ ಹೋದವು. ರೂಪಾಯಿ ಲೆಕ್ಕದಲ್ಲಿ ಇಬ್ಬರ ನಷ್ಟಕ್ಕೂ ಭಾರೀ ವ್ಯತ್ಯಾಸವಿರಲಿಲ್ಲ. ಆದರೆ ಆಗಸ್ಟ್ ಒಂದಕ್ಕೆ ನನ್ನ ಪಗಾರ ಬ್ಯಾಂಕಿಗೆ ಬಂತು. ಅವನಿಗೆ ಕ್ಯಾಂಟೀನು ಮತ್ತೆ ತೆರೆಯಲು ಬಡ್ಡಿ ಸಾಲ ಬೇಕಾಯಿತು. ಅವನು ಎದ್ದ, ನಿಜ. ಮೂರು ವರ್ಷ ಒಳ್ಳೆಯ ವ್ಯಾಪಾರವೂ ಆಯಿತು. ಆದರೆ ಎಂಬತ್ತರಿಂದ ಎದ್ದರೆ ತೊಂಬತ್ತಾರಕ್ಕೆ ಬರುವುದು, ನೂರಕ್ಕಲ್ಲ. ಅಷ್ಟರಲ್ಲಿ ದೊಡ್ಡಪ್ಪನಿಗೆ ಹೃದಯದ ಆಪರೇಶನ್. ಮತ್ತೆ ಏಳುವಷ್ಟರಲ್ಲಿ 2020ರ ಲಾಕ್‌ಡೌನ್. ಕ್ಯಾಂಟೀನಿನ ಪಾಲನ್ನು ಬಿಟ್ಟುಕೊಟ್ಟ. ಆ ತಿಂಗಳುಗಳಲ್ಲಿ ನಾನು ಮನೆಯಲ್ಲಿ ಕುಳಿತು ಲ್ಯಾಪ್‌ಟಾಪಿನಲ್ಲಿ ಕೆಲಸ ಮಾಡಿ ಪೂರ್ತಿ ಪಗಾರ ತೆಗೆದುಕೊಂಡೆ. ಹೊರಗಿನ ಊಟ, ರೈಲಿನ ಪಾಸು ಉಳಿದದ್ದರಿಂದ ಉಳಿತಾಯ ಹೆಚ್ಚೇ ಆಯಿತು ಎಂದು ಬರೆಯಲು ನಾಚಿಕೆಯಾಗುತ್ತದೆ.

ಇನ್ನೊಂದು ಮಾತು ಅಣ್ಣ ಹೇಳಲಿಲ್ಲ, ನಾನೇ ಹೇಳಬೇಕು. ನಾಣ್ಯ ಪೂರ್ತಿ ನ್ಯಾಯದ್ದೂ ಆಗಿರಲಿಲ್ಲ. 2003ರಲ್ಲಿ ನಾನು ಒಂದು ರೂಮ್ ಕಿಚನ್ ಕೊಂಡೆ, ಬ್ಯಾಂಕ್ ಸಾಲದಲ್ಲಿ. ಆಗ ನನ್ನ ಬಳಿ ಇದ್ದದ್ದು ಪಗಾರದ ಚೀಟಿ. ತಿಂಗಳಿಗೆ ನನ್ನಷ್ಟೇ ದುಡಿಯುತ್ತಿದ್ದ ಅಣ್ಣನ ಬಳಿ ಅದಿರಲಿಲ್ಲ, ಅವನಿಗೆ ಯಾವ ಬ್ಯಾಂಕೂ ಸಾಲ ಕೊಡಲಿಲ್ಲ. ಆಮೇಲೆ ವಡಾಲದ ಪೂರ್ವಕ್ಕೆ ಏನಾಯಿತೆಂದು ಇಲ್ಲಿಯವರಿಗೆ ಗೊತ್ತು. ಉಪ್ಪಿನ ಗದ್ದೆ, ಟ್ರಕ್ ಟರ್ಮಿನಲ್ ಎಂದು ಮೂಗು ಮುರಿಯುತ್ತಿದ್ದ ಜಾಗದಲ್ಲಿ ಗೋಪುರದಂಥ ಕಟ್ಟಡಗಳು ಎದ್ದವು. 2014ರಲ್ಲಿ ಮೊನೊರೈಲು ಬಂತು, ಅದು ಖಾಲಿ ಓಡಿದರೂ ಜಾಗದ ಬೆಲೆ ಖಾಲಿ ಇರಲಿಲ್ಲ. ಮೂವತ್ತು ವರ್ಷ ನಾನು ತಲೆಕೆಡಿಸಿಕೊಂಡು ದುಡಿದು ಉಳಿಸಿದ್ದಕ್ಕಿಂತ ಆ ಗೋಡೆಗಳು ಸುಮ್ಮನೆ ನಿಂತು ಗಳಿಸಿದ್ದು ಹೆಚ್ಚು. ಅಮೆರಿಕದ ಗಣಿತಜ್ಞ ಬ್ರೂಸ್ ಬೊಘೋಸಿಯನ್ ಮತ್ತು ಸಂಗಡಿಗರು ಇದನ್ನೂ ಮಾದರಿಯೊಳಗೆ ತಂದಿದ್ದಾರೆ: ಹೆಚ್ಚು ಇರುವವನ ಕಡೆಗೆ ನಾಣ್ಯವನ್ನು ಒಂದಿಷ್ಟು ವಾಲಿಸುವುದು. ಉಳ್ಳವನಿಗೆ ಕಡಿಮೆ ಬಡ್ಡಿ, ಒಳ್ಳೆಯ ಸಲಹೆ, ಕಾಯುವ ತಾಳ್ಮೆ ಎಲ್ಲವೂ ಸಿಗುತ್ತವಲ್ಲ, ಅದಕ್ಕೆ.

ಅದೇ ಮಾದರಿಯಲ್ಲಿ ಅವರು ಇನ್ನೊಂದು ನಿಯಮವನ್ನೂ ಸೇರಿಸಿದರು. ಪ್ರತಿ ಸುತ್ತಿನ ನಂತರ ಸರಾಸರಿಗಿಂತ ಮೇಲಿರುವವರ ಹೆಚ್ಚುವರಿಯಿಂದ ಒಂದು ಸಣ್ಣ ಪಾಲು ತೆಗೆದು ಕೆಳಗಿನವರಿಗೆ ಹಂಚುವುದು. ಅಷ್ಟು ಮಾಡಿದರೆ ಎಲ್ಲವೂ ಒಬ್ಬನ ಬಳಿಗೆ ಹೋಗುವುದು ನಿಲ್ಲುತ್ತದೆ. ಅಂತರ ಇರುತ್ತದೆ, ಆದರೆ ಯಾರೂ ಆಟದಿಂದ ಹೊರಬೀಳುವುದಿಲ್ಲ. ನಾಣ್ಯದ ವಾಲಿಕೆ ಈ ಹಂಚಿಕೆಯನ್ನು ಮೀರಿದರೆ ಮಾತ್ರ ಮತ್ತೆ ಕೆಲವೇ ಕೈಗಳಿಗೆ ಹೋಗಿ ಸೇರುತ್ತದೆ. ಕೋಲ್ಕತ್ತದವರ ಮಾದರಿ ಬೇರೆ ದಾರಿಯಿಂದ ಅಂಥದ್ದನ್ನೇ ಹೇಳುತ್ತದೆ. ಪ್ರತಿಯೊಬ್ಬನೂ ತನ್ನದರ ಒಂದು ಪಾಲನ್ನು ಪಣಕ್ಕಿಡದೆ ಉಳಿಸಿಕೊಳ್ಳಲು ಆದರೆ, ತೀರಾ ಬಡವರ ಗುಂಪು ಕರಗಿ ಹೆಚ್ಚಿನವರು ನಡುವೆ ಬಂದು ನಿಲ್ಲುತ್ತಾರೆ. ಉಳಿಸಿಕೊಳ್ಳುವ ಪಾಲು ಹೆಚ್ಚಿದಷ್ಟೂ ಅಂತರ ಕಡಿಮೆ.

ನಮ್ಮ ಹೋಟೆಲಿನ ಹುಡುಗರಿಗೆ ಇದು ಹೊಸ ವಿಷಯವೇನಲ್ಲ. ಮಾಳಿಗೆಯಲ್ಲಿ ಮಲಗುತ್ತಿದ್ದ ಇಪ್ಪತ್ತು ಮಂದಿ ಭಿಶಿ ಹಾಕುತ್ತಿದ್ದೆವು, ಊರಿನ ಚೀಟಿಯ ಹಾಗೆ. ಹೆಸರೆತ್ತುವುದು ನಿಯಮ. ಆದರೆ ಯಾರದಾದರೂ ಊರಲ್ಲಿ ಸಾವು, ಕಾಯಿಲೆ ಎಂದು ತಾರು ಬಂದರೆ ಆ ತಿಂಗಳು ಹೆಸರೆತ್ತುತ್ತಿರಲಿಲ್ಲ, ದುಡ್ಡು ಅವನಿಗೇ. ನನ್ನ ಅಪ್ಪ ತೀರಿಕೊಂಡಾಗ ಬಸ್ಸಿಗೂ ಹದಿಮೂರನೇ ದಿನದ ಖರ್ಚಿಗೂ ಆದದ್ದು ಆ ದುಡ್ಡು. ಅದಿಲ್ಲದಿದ್ದರೆ ಆ ವರ್ಷ ನಾನು ಶಾಲೆ ಬಿಡುತ್ತಿದ್ದೆ. ನನ್ನ ಪ್ರತಿಭೆಯ ಕಥೆಯಲ್ಲಿ ಈ ಪುಟವನ್ನು ನಾನು ಬಹಳ ಕಾಲ ಹಾರಿಸಿಕೊಂಡೇ ಹೇಳುತ್ತಿದ್ದೆ.

ಈಗ ಹೊರನಾಡ ಕನ್ನಡಿಗರಾದ ನಮ್ಮ ಮಾತಿಗೆ ಬರುತ್ತೇನೆ. ನಮ್ಮ ವಾಟ್ಸ್ಆ್ಯಪ್ ಗ್ರೂಪುಗಳಲ್ಲಿ 2023ರಿಂದ ನಿಲ್ಲದೆ ನಡೆದಿರುವ ಒಂದು ಹಾಸ್ಯವಿದೆ, ಕರ್ನಾಟಕದ ಗ್ಯಾರಂಟಿಗಳ ಬಗ್ಗೆ. ಗೃಹಲಕ್ಷ್ಮಿಯ ಎರಡು ಸಾವಿರ, ಮಹಿಳೆಯರಿಗೆ ಬಿಟ್ಟಿ ಬಸ್ಸು. ಇಲ್ಲಿ ಮಹಾರಾಷ್ಟ್ರದಲ್ಲಿ ಲಾಡ್ಕಿ ಬಹೀಣ್ ಬಂದ ಮೇಲೆ ಎರಡನ್ನೂ ಸೇರಿಸಿ ನಗುವುದು. "ನಾವು ಯಾರ ಬಿಟ್ಟಿಯೂ ಇಲ್ಲದೆ ಮೇಲೆ ಬಂದವರು" ಎಂಬ ವಾಕ್ಯ ವಾರಕ್ಕೊಮ್ಮೆಯಾದರೂ ಬರುತ್ತದೆ. ಹಿಂದೆ ನಾನೂ ಅದಕ್ಕೆ ಹೆಬ್ಬೆರಳು ಎತ್ತಿದ್ದೇನೆ. ಈಗ ಎತ್ತುವುದಿಲ್ಲ. ನಿರ್ದಿಷ್ಟ ಯೋಜನೆ ಸರಿಯೇ, ಖಜಾನೆಗೆ ತಾಳುತ್ತದೆಯೇ, ಅದೇ ದುಡ್ಡಿನಲ್ಲಿ ತಾಲೂಕು ಆಸ್ಪತ್ರೆ ಸರಿಮಾಡಿದರೆ ಹೆಚ್ಚು ಉಪಯೋಗವೇ ಎಂದು ಕೇಳುವುದು ಬೇಕಾದದ್ದೇ. ನನ್ನನ್ನು ಕೇಳಿದರೆ ಆಸ್ಪತ್ರೆ ಮೊದಲು, ಏಕೆಂದರೆ ಅಣ್ಣನನ್ನು ಅತಿ ಕೆಳಕ್ಕೆ ತಳ್ಳಿದ್ದು ಆ ಆಪರೇಶನ್ನೇ. ಆದರೆ ಕೆಳಗೊಂದು ನೆಲ ಬೇಕು ಎಂಬುದನ್ನೇ ಬಿಟ್ಟಿ ಎಂದು ನಗುವುದಕ್ಕೆ ಲೆಕ್ಕ ಒಪ್ಪುವುದಿಲ್ಲ. ನಾನು ದಿನವೂ ಮಾರುವ ವಿಮೆಯೂ ಅದೇ ಅಲ್ಲವೇ? ಸಾವಿರ ಜನರಿಂದ ಸಣ್ಣ ಪಾಲು ತೆಗೆದು, ಬಿದ್ದವನು ಆಟದಿಂದ ಹೊರಹೋಗದಂತೆ ಹಿಡಿಯುವುದು. ಅದಕ್ಕೆ ಯಾರೂ ಬಿಟ್ಟಿ ಎನ್ನುವುದಿಲ್ಲ.

ಮಾದರಿಗಳ ಮಿತಿಯನ್ನೂ ಹೇಳಬೇಕು. ಅರ್ಥಶಾಸ್ತ್ರಜ್ಞರು ಇವನ್ನು ಸುಮ್ಮನೆ ಒಪ್ಪಿಲ್ಲ. ಮೌರೊ ಗಲ್ಲೆಗಾಟಿ, ಸ್ಟೀವ್ ಕೀನ್ ಮೊದಲಾದ ನಾಲ್ವರು 2006ರಲ್ಲೇ ತಕರಾರು ಎತ್ತಿದರು: ಈ ಆಟಗಳಲ್ಲಿ ಇದ್ದದ್ದು ಕೈ ಬದಲಾಗುತ್ತದೆಯೇ ಹೊರತು ಹೊಸದಾಗಿ ಏನೂ ಹುಟ್ಟುವುದಿಲ್ಲ. ಹೋಟೆಲಿನವರ ಭಾಷೆಯಲ್ಲಿ ಹೇಳುವುದಾದರೆ ಗಲ್ಲೆ ಇದೆ, ಅಡುಗೆಮನೆ ಇಲ್ಲ. ಒಪ್ಪತಕ್ಕ ಮಾತು. ದೇಶ ಬೆಳೆದಿದೆ, 1994ರ ಅಣ್ಣನಿಗಿಂತ ಇಂದಿನ ಅಣ್ಣ ಎಷ್ಟೋ ಚೆನ್ನಾಗಿದ್ದಾನೆ, ಅವನ ಮಗಳು ಇಂಗ್ಲಿಷ್ ಮೀಡಿಯಂ ಓದಿದ್ದಾಳೆ. ಶ್ರಮ, ಜಾಣತನಕ್ಕೂ ಬೆಲೆ ಇದೆ, ಇಲ್ಲವೆಂದು ನಾನು ಹೇಳಲಾರೆ, ಹೇಳಿದರೆ ನನ್ನ ಮಕ್ಕಳು ನಾಳೆಯಿಂದ ಪುಸ್ತಕ ಮುಟ್ಟುವುದಿಲ್ಲ. ಜಾತಿ, ಊರು, ಗಂಡು-ಹೆಣ್ಣು ಎಂಬ ಭೇದಗಳೂ ಈ ನಾಣ್ಯದಾಟದಲ್ಲಿ ಇಲ್ಲ. ಅವು ಸೇರಿದರೆ ಚಿತ್ರ ಇನ್ನಷ್ಟು ಕಪ್ಪಾಗುತ್ತದೆಯೇ ಹೊರತು ಬೆಳ್ಳಗಾಗುವುದಿಲ್ಲ. ಮಾದರಿ ತೋರಿಸುವುದು ಇಷ್ಟೇ: ಇವು ಯಾವುವೂ ಇಲ್ಲದೆ, ಎಲ್ಲರೂ ಸಮಾನರಾಗಿ, ಪ್ರಾಮಾಣಿಕರಾಗಿ ಆಡಿದರೂ ಇಂಥ ಅಂತರ ಹುಟ್ಟುತ್ತದೆ. ಆದ್ದರಿಂದ ಅಂತರವನ್ನು ನೋಡಿ ಮೇಲಿರುವವನ ಯೋಗ್ಯತೆಯನ್ನಾಗಲಿ ಕೆಳಗಿರುವವನ ತಪ್ಪನ್ನಾಗಲಿ ಓದಲು ಬರುವುದಿಲ್ಲ.

ಇದೆಲ್ಲ ಹೇಳಿಕೊಳ್ಳಲು ಸುಲಭ. ಆ ಭಾನುವಾರ ಅಣ್ಣ ಬಂದದ್ದಕ್ಕೆ ಇನ್ನೊಂದು ಕಾರಣವಿತ್ತು, ಹೊರಡುವ ಹೊತ್ತಿಗೆ ಗೊತ್ತಾಯಿತು. ಮಗಳಿಗೆ ಎಂಜಿನಿಯರಿಂಗ್ ಸೀಟು ಸಿಕ್ಕಿದೆ. ಸಾಲದ ಮೊತ್ತ ದೊಡ್ಡದು, ಬ್ಯಾಂಕಿನವರು ಅಡಮಾನಕ್ಕೆ ಆಸ್ತಿ ಕೇಳುತ್ತಿದ್ದಾರೆ. ಅವನು ಕೇಳಲಿಲ್ಲ, "ಬೇರೆ ಕೋರ್ಸ್ ಕಾಂಬ ಅಂತ ಇದ್ದೆ" ಎಂದಷ್ಟೇ ಹೇಳಿದ. ಫ್ಲ್ಯಾಟಿನ ಕಾಗದ ನಾನು ಇಡುತ್ತೇನೆ ಎಂದೆ. ಹೇಳಿದ ಕೂಡಲೇ ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು. ನನ್ನ ಹೆಂಡತಿ ಕೆಟ್ಟವಳಲ್ಲ, ನಮ್ಮ ಮಗನದೂ ಮುಂದಿನ ವರ್ಷ ಹನ್ನೆರಡನೇ ಕ್ಲಾಸು. ರಾತ್ರಿ ಅವಳು ಕೇಳಿದ ಪ್ರಶ್ನೆಗಳಿಗೆ ನನ್ನ ಬಳಿ ಗಣಿತದ ಉತ್ತರ ಇರಲಿಲ್ಲ. ಎರಡು ದಿನ ಬಿಟ್ಟು ಅವಳೇ, "ಭಾವನಿಗೆ ಫೋನ್ ಮಾಡಿ" ಎಂದಳು.

ಮಾಡಿದೆ. ಅಣ್ಣ ಹೋಟೆಲಿನ ಗಲ್ಲೆಯಲ್ಲಿದ್ದ, ಹಿಂದೆ ಗಿರಾಕಿಗಳ ಗದ್ದಲ. "ಬ್ಯಾಡ ಮಾರಾಯ, ನಿನ್ ಮನಿ ಕಾಗ್ದ ನಿನ್ ಹತ್ರವೇ ಇರ್ಲಿ" ಎಂದ. ಭಿಶಿಯ ದುಡ್ಡು ಆವತ್ತು ನನಗೆ ಬಂದದ್ದು ನೆನಪಿದೆಯಾ ಎಂದು ಕೇಳಿದೆ. ಆ ತಿಂಗಳು ಯಾರ ಸರದಿಯಾಗಿತ್ತೆಂದು ನನಗೆ ನೆನಪಿರಲಿಲ್ಲ. ಅವನದೇ ಆಗಿತ್ತಂತೆ. ಗಿರಾಕಿ ಬಂದರೆಂದು ಫೋನ್ ಇಟ್ಟ. ಬ್ಯಾಂಕಿನಲ್ಲಿ ಅರ್ಜಿ ಕೊಡಲು ಇನ್ನೂ ಹನ್ನೆರಡು ದಿನವಿದೆ. ನಾಳೆ ಸಂಜೆ ಅವನ ಹೋಟೆಲಿಗೇ ಹೋಗುತ್ತಿದ್ದೇನೆ.